ಡಿಸ್ಕಿನಲ್ಲಿ ಜಾಗ ಕಮ್ಮಿ ಕಾಣುತ್ತಿದೆಯಾ? ಮೊದಲು ಬೈಟ್ ಎಣಿಸಿ

ಮಾಟುಂಗಾದಲ್ಲಿ ನಮ್ಮ ಕನ್ನಡ ಸಂಘಕ್ಕೆ ಒಂದು ಪುಟ್ಟ ಕೋಣೆ ಇದೆ. ಅಲ್ಲಿನ ಕಬ್ಬಿಣದ ಕಪಾಟಿನ ತುಂಬ ತಾಳಮದ್ದಲೆ, ನಾಟಕ, ಭಜನೆಗಳ ಹಳೇ ಕ್ಯಾಸೆಟ್ಟುಗಳು. ಅವನ್ನು ಒಂದೊಂದಾಗಿ ಕಂಪ್ಯೂಟರಿಗೆ ಇಳಿಸುವ ಕೆಲಸ ನನ್ನದು. ಮುಂಬೈ ಮಳೆಗಾಲಕ್ಕೆ ಟೇಪಿಗೆ ಬೂಷ್ಟು ಹಿಡಿಯುತ್ತದೆ, ಅದನ್ನು ಹೇಗೋ ನಿಭಾಯಿಸುತ್ತೇವೆ. ಆದರೆ ನಮ್ಮನ್ನು ನಿಜವಾಗಿ ಗಾಬರಿಪಡಿಸಿದ್ದು ಜಿಬಿ, ಟಿಬಿ ಲೆಕ್ಕ. ಒಮ್ಮೆಯಂತೂ ಇದೇ ಲೆಕ್ಕದ ಗೊಂದಲದಲ್ಲಿ ರೆಕಾರ್ಡಿಂಗುಗಳನ್ನೇ ಅಳಿಸಿಬಿಡುವ ಹಂತಕ್ಕೆ ಹೋಗಿದ್ದೆವು. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ದೂರು: 1 ಟಿಬಿ ಡಿಸ್ಕ್, ಕಾಣುವುದು 931 ಜಿಬಿ

ಸಂಘದ ಲೆಕ್ಕಪತ್ರ ನೋಡುವ ಹಿರಿಯರೊಬ್ಬರಿದ್ದಾರೆ. ಕುಂದಾಪುರದ ಕಡೆಯವರು. ಎಲ್ಲರೂ ಅವರನ್ನು ಮಾಮ ಎಂದೇ ಕರೆಯುತ್ತೇವೆ. ಲ್ಯಾಮಿಂಗ್ಟನ್ ರೋಡಿನಿಂದ ಹೊಸ ಹಾರ್ಡ್ ಡಿಸ್ಕ್ ತಂದವರು ಅವರೇ. ಕಂಪ್ಯೂಟರಿಗೆ ಸಿಕ್ಕಿಸಿ ನೋಡಿದರು, ಮುಖ ಕೆಂಪಾಯಿತು.

"ನೋಡು ಮಾರಾಯ್ತಿ, ಡಬ್ಬಿ ಮೇಲೆ 1 ಟಿಬಿ ಅಂತ ಉಂಟು. ಒಳಗೆ 931 ಮಾತ್ರ. ಅರವತ್ತೊಂಬತ್ತು ಜಿಬಿ ಎಲ್ಲಿಗೆ ಹೋಯ್ತು?"

ದಾದರ್‌ನಲ್ಲಿ ಗಾಡಿ ಬದಲಿಸಿ ಗ್ರಾಂಟ್ ರೋಡಿಗೆ ಹೋಗಿ ಅಂಗಡಿಯವನನ್ನು ವಿಚಾರಿಸಿಯೇ ಬಿಡುತ್ತೇನೆ ಎಂದು ಹೊರಟಿದ್ದರು. ಐದು ನಿಮಿಷ ಕೂತ್ಕೊಳ್ಳಿ ಮಾಮ ಎಂದೆ.

ನೀವೂ ಇದನ್ನೇ ಮಾಡಿ. ವಿಂಡೋಸ್‌ನಲ್ಲಿ ಆ ಡ್ರೈವ್ ಮೇಲೆ ರೈಟ್ ಕ್ಲಿಕ್ ಮಾಡಿ ಪ್ರಾಪರ್ಟೀಸ್ ತೆರೆಯಿರಿ. ಕೆಪಾಸಿಟಿ ಎನ್ನುವ ಸಾಲಿನಲ್ಲಿ ಎರಡು ಸಂಖ್ಯೆಗಳಿರುತ್ತವೆ. ಬಲಗಡೆ ಚಿಕ್ಕದು, 931 ಜಿಬಿ. ಅದರ ಎಡಕ್ಕೆ ಉದ್ದನೆಯ ಒಂದು ಸಂಖ್ಯೆ, ಅದು ಬೈಟ್‌ಗಳಲ್ಲಿ. ಕೆಬಿ, ಎಂಬಿ, ಜಿಬಿ, ಟಿಬಿ ಎಲ್ಲವೂ ಈ ಬೈಟ್‌ಗಳನ್ನು ಒಟ್ಟುಗೂಡಿಸಿದ ದೊಡ್ಡ ಅಳತೆಗಳು. ಎಲ್ಲರೂ ಚಿಕ್ಕದನ್ನು ನೋಡಿ ಕಿಟಕಿ ಮುಚ್ಚಿಬಿಡುತ್ತಾರೆ. ನೋಡಬೇಕಾದದ್ದು ಉದ್ದನೆಯದನ್ನು.

ನಮ್ಮ ಹತ್ತಿರ ಹಳೇ ಲ್ಯಾಪ್‌ಟಾಪಿನಿಂದ ಬಿಚ್ಚಿದ ಇನ್ನೊಂದು 1 ಟಿಬಿ ಡಿಸ್ಕ್ ಇತ್ತು. ಅದರ ಸ್ಟಿಕ್ಕರಿನ ಮೇಲೆ ಎಲ್‌ಬಿಎ ಎಂದು ಬರೆದು 1953525168 ಎಂಬ ಸಂಖ್ಯೆ ಅಚ್ಚಾಗಿತ್ತು. ಡಿಸ್ಕಿನಲ್ಲಿ ಎಷ್ಟು ಸೆಕ್ಟರ್ ಇವೆ ಎಂಬುದರ ಲೆಕ್ಕ ಅದು. ಒಂದೊಂದು ಸೆಕ್ಟರಿಗೆ 512 ಬೈಟ್. ಮಾಮನ ಕೈಗೇ ಕ್ಯಾಲ್ಕುಲೇಟರ್ ಕೊಟ್ಟು ಗುಣಿಸಿ ಎಂದೆ. ಬಂದದ್ದು 10,00,20,48,86,016. ಅವರು ಬ್ಯಾಂಕಿನಲ್ಲಿದ್ದವರು, ಅಲ್ಪವಿರಾಮ ಹಾಕಿ ಓದಿದರು: ಒಂದು ಲಕ್ಷ ಕೋಟಿ, ಮೇಲೆ ಇಪ್ಪತ್ತು ಕೋಟಿ ಚಿಲ್ಲರೆ. ಒಂದು ಟಿಬಿ ಎಂದರೆ ಒಂದು ಲಕ್ಷ ಕೋಟಿ ಬೈಟ್. ಅಂದರೆ ಡಬ್ಬಿಯ ಮೇಲೆ ಬರೆದದ್ದು ಸರಿಯಾಗಿದೆ, ಇಪ್ಪತ್ತು ಕೋಟಿ ಬೈಟ್ ಜಾಸ್ತಿಯೇ ಇದೆ. ಹೊಸ ಡಿಸ್ಕಿನ ಕಿಟಕಿಯಲ್ಲೂ ಒಂದು ಲಕ್ಷ ಕೋಟಿಯೇ ಇತ್ತು.

ಇನ್ನು 931. ಅದೇ ಸಂಖ್ಯೆಯನ್ನು 1,024ರಿಂದ ಭಾಗಿಸಿ: 97,67,62,584. ಮತ್ತೊಮ್ಮೆ ಭಾಗಿಸಿ: 9,53,869.71. ಮೂರನೇ ಸಲ: 931.51. ಒಂದು ಬೈಟೂ ಎಲ್ಲೂ ಹೋಗಿಲ್ಲ. ಡಿಸ್ಕ್ ಮಾಡಿದವರು ಸಾವಿರದಿಂದ ಭಾಗಿಸಿದರು, ವಿಂಡೋಸ್ 1,024ರಿಂದ ಭಾಗಿಸಿತು. ಇಬ್ಬರೂ ಕೊನೆಗೆ ಜಿಬಿ ಎಂದೇ ಬರೆದರು. ತೊಂದರೆ ಆಗುವುದು ಅಲ್ಲಿ.

ಹೀಗೆ ಎರಡು ಲೆಕ್ಕ ಯಾಕೆ

ಮೆಮೊರಿ ಚಿಪ್ಪಿನಲ್ಲಿ ವಿಳಾಸದ ತಂತಿ ಒಂದು ಜಾಸ್ತಿಯಾದರೆ ಜಾಗ ಇಮ್ಮಡಿಯಾಗುತ್ತದೆ. ಹತ್ತು ತಂತಿಗೆ 1,024 ಜಾಗ. ಸಾವಿರಕ್ಕೆ ಹತ್ತಿರ ಇದೆಯಲ್ಲ ಎಂದು ಅದನ್ನೂ ಕಿಲೋ ಎಂದರು. ಡಿಸ್ಕಿಗೆ ಈ ಕಟ್ಟುಪಾಡಿಲ್ಲ. ಎಷ್ಟು ಸೆಕ್ಟರ್ ಬೇಕಾದರೂ ಇಡಬಹುದು. ಹಾಗಾಗಿ ಡಿಸ್ಕಿನವರು ನಿಜವಾದ ಸಾವಿರವನ್ನೇ ಹಿಡಿದರು. ರ‍್ಯಾಮ್ ಕೊಂಡರೆ 8 ಜಿಬಿ ಎಂದರೆ 1,024ರ ಲೆಕ್ಕದ 8, ಡಿಸ್ಕ್ ಕೊಂಡರೆ ಸಾವಿರದ ಲೆಕ್ಕ. ಒಂದೇ ಬಿಲ್ಲಿನಲ್ಲಿ ಎರಡು ಅಳತೆ! ಹಳೇ ಫ್ಲಾಪಿ ಇನ್ನೂ ವಿಚಿತ್ರ. ಅದರ 1.44 ಎಂಬಿ ಎಂದರೆ 1,440ನ್ನು 1,024ರಿಂದ ಗುಣಿಸಿ ಬರುವ 14,74,560 ಬೈಟ್. ಅರ್ಧ ಆ ಲೆಕ್ಕ, ಅರ್ಧ ಈ ಲೆಕ್ಕ.

ಇದನ್ನು ಮಾಮನಿಗೆ ಹೇಳುವಾಗ ಅವರೇ ಒಂದು ಮಾತು ನೆನಪಿಸಿದರು. ಹಿಂದೆ ರೂಪಾಯಿಗೆ 16 ಆಣೆ, ಆಣೆಗೆ 4 ಪೈಸೆ, ಒಟ್ಟು 64 ಪೈಸೆ. 1957ರ ಏಪ್ರಿಲ್ 1ರಿಂದ ರೂಪಾಯಿಗೆ 100 ಪೈಸೆ ಆಯಿತು. ಪೈಸೆ ಎನ್ನುವ ಹೆಸರು ಅದೇ, ಬೆಲೆ ಬೇರೆ. ಜನ ಗೊಂದಲಪಡಬಾರದು ಎಂದು ಸರ್ಕಾರ ಹೊಸದನ್ನು ನಯಾ ಪೈಸೆ ಎಂದು ಕರೆಯಿತು. 1964ರವರೆಗೆ ನಾಣ್ಯದ ಮೇಲೆ ಆ ನಯಾ ಎನ್ನುವ ಮಾತು ಇತ್ತು. ಕಂಪ್ಯೂಟರಿನಲ್ಲೂ 1998ರಲ್ಲಿ ಇಂಥದೇ ಒಂದು ಏರ್ಪಾಡಾಯಿತು. ಐಇಸಿ ಎಂಬ ಅಂತರರಾಷ್ಟ್ರೀಯ ಮಾನಕ ಸಂಸ್ಥೆ 1,024ರ ಲೆಕ್ಕಕ್ಕೆ ಕಿಬಿಬೈಟ್, ಮೆಬಿಬೈಟ್, ಗಿಬಿಬೈಟ್, ಟೆಬಿಬೈಟ್ ಎಂಬ ಬೇರೆ ಹೆಸರು ಕೊಟ್ಟಿತು. ಕಿಲೋ, ಮೆಗಾ, ಗಿಗಾ ಸಾವಿರದ ಲೆಕ್ಕಕ್ಕೇ ಉಳಿದವು. ನಯಾ ಪೈಸೆ ಎಲ್ಲರ ಬಾಯಿಗೂ ಬಂತು. ಗಿಬಿಬೈಟ್ ಬರಲಿಲ್ಲ. ವಿಂಡೋಸ್ ಇವತ್ತಿಗೂ ಗಿಬಿಬೈಟ್ ಎಣಿಸಿ ಜಿಬಿ ಎಂದೇ ಬರೆಯುತ್ತದೆ. ಇದನ್ನು ಸರಿಪಡಿಸಬೇಕಿತ್ತು ಎಂದು ನನಗೆ ಗಟ್ಟಿಯಾಗಿ ಅನಿಸುತ್ತದೆ. ಒಂದು ಅಕ್ಷರ ಸೇರಿಸಿದ್ದರೆ ಎಷ್ಟೋ ಅಂಗಡಿಯವರ ಮೇಲಿನ ಸುಳ್ಳು ಅನುಮಾನ ತಪ್ಪುತ್ತಿತ್ತು.

ನೆನಪಿಡಲು ಸುಲಭದ ದಾರಿ ಇದು. ಜಿಬಿ ಎಂದರೆ 100 ಕೋಟಿ ಬೈಟ್. ಗಿಬಿಬೈಟ್ ಎಂದರೆ 107 ಕೋಟಿ ಚಿಲ್ಲರೆ, ಸರಿಯಾಗಿ ಹೇಳಬೇಕೆಂದರೆ 107,37,41,824. ಡಬ್ಬಿಯ ಜಿಬಿಯನ್ನು 0.93ರಿಂದ ಗುಣಿಸಿದರೆ ವಿಂಡೋಸ್ ತೋರಿಸುವ ಸಂಖ್ಯೆ ಹತ್ತಿರ ಹತ್ತಿರ ಬರುತ್ತದೆ. ಟಿಬಿಗೆ 0.91. ಅಳತೆ ದೊಡ್ಡದಾದಂತೆ ಅಂತರವೂ ಜಾಸ್ತಿ: ಕೆಬಿಯಲ್ಲಿ ನೂರಕ್ಕೆ ಎರಡೂವರೆಯೂ ಇಲ್ಲದ್ದು ಟಿಬಿಗೆ ಬರುವಾಗ ನೂರಕ್ಕೆ ಒಂಬತ್ತು ದಾಟುತ್ತದೆ.

ಯಾವುದು ಸಹಜ, ಯಾವುದು ದೋಷ

32 ಜಿಬಿಯದು 29.8, 64ರದು 59.6, 128ರದು 119, 256ರದು 238, 500ರದು 465, 1 ಟಿಬಿಯದು 931 ಎಂದು ಕಂಡರೆ ಸಹಜ. 2 ಟಿಬಿ 1.81 ಎಂದೂ 4 ಟಿಬಿ 3.63 ಎಂದೂ ಕಾಣುತ್ತದೆ. ಪೆನ್ ಡ್ರೈವ್ ಆದರೆ ಇದಕ್ಕಿಂತ ಒಂದೆರಡು ಜಿಬಿ ಕಮ್ಮಿ ಇದ್ದರೂ ಗಾಬರಿ ಬೇಡ. ಅಂತರ ಇದಕ್ಕಿಂತ ಜಾಸ್ತಿ ಇದ್ದರೆ ಮಾತ್ರ ಮುಂದೆ ಹುಡುಕಬೇಕು.

ಮೊದಲು ವಿಂಡೋಸಿನ ಡಿಸ್ಕ್ ಮ್ಯಾನೇಜ್‌ಮೆಂಟ್ ತೆರೆದು ನೋಡಿ. ಡಿಸ್ಕನ್ನು ಭಾಗ, ಅಂದರೆ ಪಾರ್ಟಿಷನ್ ಮಾಡಿದ ಚಿತ್ರ ಅಲ್ಲಿರುತ್ತದೆ. ಲ್ಯಾಪ್‌ಟಾಪಿನ ಡಿಸ್ಕಾದರೆ ರಿಕವರಿ ಪಾರ್ಟಿಷನ್ ಒಂದಿಷ್ಟು ಜಾಗ ಹಿಡಿದಿರುತ್ತದೆ. ಪೆನ್ ಡ್ರೈವಿನಲ್ಲಿ ಯಾರೋ ಹಿಂದೆ ವಿಂಡೋಸ್ ಅಥವಾ ಲಿನಕ್ಸ್ ಇನ್‌ಸ್ಟಾಲ್ ಮಾಡಲು ಫೈಲು ಬರೆದಿದ್ದರೆ ಒಂದು ಸಣ್ಣ ಪಾರ್ಟಿಷನ್ ಕಂಡು, ಉಳಿದದ್ದು ಅನ್‌ಅಲೋಕೇಟೆಡ್ ಎಂದು ಕಪ್ಪು ಪಟ್ಟಿಯಲ್ಲಿ ಇರುತ್ತದೆ. ಒಳಗಿನದನ್ನು ಬೇರೆಡೆ ಇಟ್ಟುಕೊಂಡು, ಪಾರ್ಟಿಷನ್‌ಗಳನ್ನು ಅಳಿಸಿ, ಹೊಸದಾಗಿ ಫಾರ್ಮ್ಯಾಟ್ ಮಾಡಿದರೆ ಜಾಗ ಪೂರ್ತಿ ಸಿಗುತ್ತದೆ. ಅಳಿಸುವ ಮೊದಲು ಡಿಸ್ಕ್ ನಂಬರ್ ಎರಡು ಸಲ ನೋಡಿ. ಅವಸರದಲ್ಲಿ ಪಕ್ಕದ ಡಿಸ್ಕ್ ಅಳಿಸಿದವರು ಬಹಳ ಜನ.

3 ಟಿಬಿ ಡಿಸ್ಕ್ 746 ಜಿಬಿ ಎಂದು ಕಂಡರೆ ಕಾರಣ ಬೇರೆ. ಹಳೇ ಪದ್ಧತಿಯಲ್ಲಿ ಸೆಕ್ಟರಿನ ಸಂಖ್ಯೆ ಬರೆಯಲು 32 ಬಿಟ್ ಜಾಗ ಮಾತ್ರ, ಅಂದರೆ ಸೊನ್ನೆಯೋ ಒಂದೋ ಬರೆಯುವ 32 ಮನೆಗಳು. ಅಂದರೆ 429 ಕೋಟಿ ಚಿಲ್ಲರೆ ಸೆಕ್ಟರ್, 512ರಿಂದ ಗುಣಿಸಿದರೆ ಸರಿಯಾಗಿ 2 ಟೆಬಿಬೈಟ್. ಅದರಾಚೆ ಎಣಿಕೆ ಮತ್ತೆ ಸೊನ್ನೆಯಿಂದ ಶುರು. 3 ಟಿಬಿ ಎಂದರೆ 2,794 ಗಿಬಿಬೈಟ್, ಅದರಲ್ಲಿ 2,048 ಕಳೆದರೆ ಉಳಿಯುವುದೇ 746. ಈ ಸಂಖ್ಯೆ ಕಂಡರೆ ಡಿಸ್ಕ್ ಕೆಟ್ಟಿಲ್ಲ, ಅದನ್ನು ಹಾಕಿದ ಯುಎಸ್‌ಬಿ ಡಬ್ಬಿಯೋ ಡ್ರೈವರೋ ಹಳೆಯದು. ಬದಲಿಗೆ 2,048 ಜಿಬಿ ಬಳಕೆಗೆ ಸಿಕ್ಕಿ 746 ಜಿಬಿ ಪಕ್ಕದಲ್ಲಿ ಸುಮ್ನೆ ಬಿದ್ದಿದ್ದರೆ ಡಿಸ್ಕನ್ನು ಎಂಬಿಆರ್ ಎಂಬ ಆ ಹಳೇ ಪದ್ಧತಿಯಲ್ಲಿ ಶುರು ಮಾಡಿದ್ದಾರೆ ಎಂದರ್ಥ. ಜಿಪಿಟಿ ಎಂಬ ಹೊಸ ಪದ್ಧತಿಗೆ ಬದಲಿಸಬೇಕು.

ಒಂದೇ ಫೋಲ್ಡರ್, ಎರಡು ಕಂಪ್ಯೂಟರಿನಲ್ಲಿ ಎರಡು ಗಾತ್ರ

ಮೊದಲಿಗೆ ಹೇಳಿದ ಅಪಾಯ ಇದೇ. ಸಂಘದ ಹುಡುಗನೊಬ್ಬ ಎಲ್ಲಾ ರೆಕಾರ್ಡಿಂಗುಗಳ ಇನ್ನೊಂದು ಪ್ರತಿ ಮನೆಯಲ್ಲಿಡಲು ಡಿಸ್ಕ್ ತೆಗೆದುಕೊಂಡು ಹೋದ. ಅವನದು ಮ್ಯಾಕ್. ರಾತ್ರಿ ಹನ್ನೊಂದಕ್ಕೆ ಫೋನ್ ಮಾಡಿದ. "ಅಕ್ಕಾ, ನಿಮ್ಮಲ್ಲಿ 384 ಜಿಬಿ ಇತ್ತು. ನನ್ನಲ್ಲಿ 412 ಆಗಿದೆ. ಕೆಲವು ಫೈಲು ಎರಡೆರಡು ಸಲ ಕಾಪಿ ಆಗಿರಬೇಕು. 28 ಜಿಬಿ ಹುಡುಕಿ ಡಿಲೀಟ್ ಮಾಡಲಾ?"

ಆ ಫೋಲ್ಡರಿನಲ್ಲಿ ಒಂದೇ ಪ್ರಸಂಗವನ್ನು ಬೇರೆ ಬೇರೆ ವರ್ಷ ಆಡಿದ ರೆಕಾರ್ಡಿಂಗುಗಳಿವೆ. ಹೆಸರು ನೋಡಿದರೆ ಒಂದರಂತೆ ಇನ್ನೊಂದು. ಹಾಗೆಂದು ಅಳಿಸಿದ್ದರೆ ಬೇರೆ ಕಲಾವಿದರ ಅರ್ಥಗಾರಿಕೆ ಆ ಪ್ರತಿಯಿಂದ ಕಾಣೆಯಾಗುತ್ತಿತ್ತು. ಏನೂ ಮುಟ್ಟಬೇಡ ಎಂದೆ. ಬೈಟ್ ಓದು ಎಂದೆ. ಅವನು ಅಲ್ಲಿಂದ ಒಂದೊಂದೇ ಅಂಕಿ ಹೇಳಿದ, ನಾನು ಇಲ್ಲಿ ಬೆರಳಿಟ್ಟು ನೋಡುತ್ತಾ ಹೋದೆ. ಕೊನೆಯ ಅಂಕಿಯವರೆಗೂ ಒಂದೇ.

ಮ್ಯಾಕ್ 2009ರಲ್ಲಿ ಬಂದ 10.6ನೇ ಆವೃತ್ತಿಯಿಂದ ಸಾವಿರದ ಲೆಕ್ಕಕ್ಕೆ ಬದಲಾಯಿತು. 384ನ್ನು 1.0737ರಿಂದ ಗುಣಿಸಿ, 412 ಬರುತ್ತದೆ. ಲಿನಕ್ಸಿನಲ್ಲಿ ಒಂದೊಂದು ಪ್ರೋಗ್ರಾಂ ಒಂದೊಂದು ರೀತಿ ಎಣಿಸುತ್ತದೆ. ಎರಡು ಪ್ರತಿಗಳನ್ನು ಹೋಲಿಸುವಾಗ ಜಿಬಿ ನೋಡಲೇಬೇಡಿ. ಬೈಟ್ ಸಂಖ್ಯೆ ಮತ್ತು ಫೈಲುಗಳ ಸಂಖ್ಯೆ, ಇವೆರಡನ್ನು ನೋಡಿ. ಮ್ಯಾಕ್ ತನ್ನದೇ ಒಂದೆರಡು ಗುಪ್ತ ಫೈಲು ಸೇರಿಸುವುದುಂಟು, ಆಗ ಕೆಲವು ಸಾವಿರ ಬೈಟ್ ಜಾಸ್ತಿ ಬರಬಹುದು. ಅಷ್ಟು ಬಿಟ್ಟರೆ ಬೇರೆ ವ್ಯತ್ಯಾಸ ಇರಬಾರದು.

ಎರಡು ಅಳತೆ ಬೆರೆಸಿದರೂ ಇಂಥದೇ ತಪ್ಪು. ಈ ಡಿಸ್ಕಿಗೆ ಎಷ್ಟು ಕ್ಯಾಸೆಟ್ಟು ಹಿಡಿಯುತ್ತದೆ ಎಂದು ಮಾಮ ಲೆಕ್ಕ ಹಾಕಿದ್ದರು. 90 ನಿಮಿಷದ ಒಂದು ಕ್ಯಾಸೆಟ್ಟಿಗೆ 0.952 ಜಿಬಿ, ಡಿಸ್ಕ್ 931, ಹಾಗಾದರೆ 977. ಕ್ಯಾಸೆಟ್ಟಿನದು ಸಾವಿರದ ಜಿಬಿ, ಡಿಸ್ಕಿನದು ವಿಂಡೋಸಿನ ಜಿಬಿ. ಎರಡನ್ನೂ ಬೈಟಿಗೆ ಇಳಿಸಿ ಭಾಗಿಸಿದಾಗ ಸುಮಾರು 1,050 ಬಂತು. ಎಪ್ಪತ್ತು ಕ್ಯಾಸೆಟ್ಟುಗಳ ಜಾಗ ಕಾಗದದ ಮೇಲೆಯೇ ಕಳೆದುಹೋಗಿತ್ತು.

ಬೈಟೇ ಸುಳ್ಳು ಹೇಳಿದಾಗ

ಇದೊಂದು ನಿಜವಾದ ಮೋಸ. ಸದಸ್ಯೆಯೊಬ್ಬರು ಎಲ್ಲೋ ಅಗ್ಗಕ್ಕೆ ಸಿಕ್ಕಿತೆಂದು 2 ಟಿಬಿ ಎಂದು ಬರೆದಿದ್ದ ಪೆನ್ ಡ್ರೈವ್ ತಂದರು. ಪ್ರಾಪರ್ಟೀಸ್‌ನಲ್ಲಿ ಬೈಟ್ ಸಂಖ್ಯೆಯೂ ಸರಿಯಾಗಿಯೇ ಇತ್ತು. ಮೊಮ್ಮಗನ ನಾಮಕರಣದ ಫೋಟೋ, ವಿಡಿಯೋ ಎಲ್ಲಾ ಅದಕ್ಕೆ ಹಾಕಿದರು. ಕಾಪಿ ಆಯಿತು, ಹೆಸರುಗಳೆಲ್ಲಾ ಕಂಡವು. ತೆರೆದರೆ ಮೊದಲ ಒಂದಷ್ಟು ಫೋಟೋ ಬಂದವು. ಆಮೇಲಿನವು ಅರ್ಧ ಬೂದು ಬಣ್ಣ, ಆಮೇಲಿನವು ತೆರೆಯಲೇ ಇಲ್ಲ.

ಇಂಥ ಡ್ರೈವಿನಲ್ಲಿ ಚಿಪ್ ಸಣ್ಣದು. ಅದನ್ನು ನಡೆಸುವ ಕಂಟ್ರೋಲರಿಗೆ ದೊಡ್ಡ ಸಂಖ್ಯೆ ಹೇಳುವಂತೆ ಕಲಿಸಿರುತ್ತಾರೆ. ಫೈಲುಗಳ ಹೆಸರಿನ ಪಟ್ಟಿ ಮುಂದಿನ ಭಾಗದಲ್ಲಿರುವುದರಿಂದ ಉಳಿಯುತ್ತದೆ. ಚಿಪ್ ತುಂಬಿದ ಮೇಲೆ ಬಂದ ಫೈಲಿನ ಒಳಗಿನದು ಹಳೆಯದರ ಮೇಲೆ ಬರೆಯಲ್ಪಡುತ್ತದೆ, ಇಲ್ಲವೇ ಹಾಗೇ ಹೋಗುತ್ತದೆ. ಫಾರ್ಮ್ಯಾಟ್ ಮಾಡಿದರೆ ಸರಿಯಾಗುವುದಿಲ್ಲ. ಪರೀಕ್ಷೆಗೆ ವಿಂಡೋಸ್‌ನಲ್ಲಿ ಎಚ್2ಟೆಸ್ಟ್‌ಡಬ್ಲ್ಯೂ, ಮ್ಯಾಕ್ ಮತ್ತು ಲಿನಕ್ಸಿನಲ್ಲಿ ಎಫ್3 ಎಂಬ ಉಚಿತ ಪ್ರೋಗ್ರಾಂಗಳಿವೆ. ಇವು ಡ್ರೈವನ್ನು ತುದಿಯವರೆಗೆ ತುಂಬಿಸಿ, ಬರೆದದ್ದೇ ವಾಪಸ್ ಬರುತ್ತದೆಯೇ ಎಂದು ಓದಿ ನೋಡುತ್ತವೆ. ಹೊತ್ತು ಹಿಡಿಯುತ್ತದೆ. ಸೆಕೆಂಡಿಗೆ 10 ಎಂಬಿ ಬರೆಯುವ 64 ಜಿಬಿ ಡ್ರೈವ್ ತುಂಬಲು ಒಂದೂಮುಕ್ಕಾಲು ಗಂಟೆ ಬೇಕು. ಆದರೂ ಹೊಸ ಪೆನ್ ಡ್ರೈವ್ ಏನೇ ಬರಲಿ, ಸಂಘದ ಒಂದು ಫೈಲನ್ನೂ ಹಾಕುವ ಮೊದಲು ನಾನು ಈ ಪರೀಕ್ಷೆ ಮಾಡುತ್ತೇನೆ. ಆ ಅಜ್ಜಿಯ ಮುಖ ನೋಡಿದ ಮೇಲೆ ಮಾಡದೆ ಇರಲಾಗುವುದಿಲ್ಲ.

ಜಾಗ ಇದೆ, ಫೈಲು ಹೋಗುತ್ತಿಲ್ಲ

50 ಜಿಬಿ ಖಾಲಿ ಇರುವ ಪೆನ್ ಡ್ರೈವಿಗೆ 5 ಜಿಬಿಯ ವಿಡಿಯೋ ಹೋಗದಿದ್ದರೆ ಅದು ಫ್ಯಾಟ್32 ಎಂಬ ಹಳೇ ಪದ್ಧತಿಯಲ್ಲಿ ಫಾರ್ಮ್ಯಾಟ್ ಆಗಿದೆ. ಫ್ಯಾಟ್32 ಒಂದು ಫೈಲಿಗೆ ಕೊಡುವುದು ಹೆಚ್ಚೆಂದರೆ 429,49,67,295 ಬೈಟ್. 4 ಗಿಬಿಬೈಟಿಗೆ ಒಂದು ಬೈಟ್ ಕಮ್ಮಿ. ಮ್ಯಾಕ್ ಇದೇ ಮಿತಿಯನ್ನು 4.29 ಜಿಬಿ ಎನ್ನುತ್ತದೆ, ಆದ್ದರಿಂದ ಮ್ಯಾಕಿನಲ್ಲಿ 4.2 ಎಂದು ಕಂಡ ಫೈಲು ಹೋಗುತ್ತದೆ, ವಿಂಡೋಸ್‌ನಲ್ಲಿ 4.2 ಎಂದು ಕಂಡದ್ದು ಹೋಗುವುದಿಲ್ಲ. ಎಕ್ಸ್‌ಫ್ಯಾಟ್ ಎಂಬ ಹೊಸ ಪದ್ಧತಿಗೆ ಫಾರ್ಮ್ಯಾಟ್ ಮಾಡಿ, ವಿಂಡೋಸ್, ಮ್ಯಾಕ್ ಎರಡರಲ್ಲೂ ನಡೆಯುತ್ತದೆ.

ಧ್ವನಿ ಉಳಿಸುವ ವೇವ್ ಫೈಲಿನ ಒಳಗೂ ಗಾತ್ರ ಬರೆಯಲು 32 ಬಿಟ್ ಜಾಗವೇ ಇರುವುದು. ಸಿಡಿ ಗುಣಮಟ್ಟದಲ್ಲಿ ಆರು ಮುಕ್ಕಾಲು ಗಂಟೆಗೆ ಅದು ತುಂಬುತ್ತದೆ. ರಾತ್ರಿ ಒಂಬತ್ತೂವರೆಗೆ ಶುರುವಾದ ಆಟ ಬೆಳಗಿನ ಜಾವ ನಾಲ್ಕೂಕಾಲಿಗೆ ಮುಗಿಯುವುದಿಲ್ಲ, ಅಲ್ವಾ? ಇಡೀ ರಾತ್ರಿಯ ಯಕ್ಷಗಾನವನ್ನು ಒಂದೇ ಫೈಲಾಗಿ ಹಿಡಿಯಲು ಹೋಗಬೇಡಿ. ಎರಡು ಗಂಟೆಗೊಂದು ತುಂಡು ಮಾಡಿ.

ಎಕ್ಸ್‌ಫ್ಯಾಟ್‌ಗೂ ಒಂದು ಗುಣ ಇದೆ. 32 ಜಿಬಿಗಿಂತ ದೊಡ್ಡ ಡ್ರೈವಿನಲ್ಲಿ ವಿಂಡೋಸ್ ತಾನಾಗಿ 128 ಕೆಬಿಯ ಕ್ಲಸ್ಟರ್, ಅಂದರೆ ಜಾಗ ಹಂಚುವ ತುಂಡು, ಇಡುತ್ತದೆ. ಫೈಲು ಎಷ್ಟೇ ಸಣ್ಣದಿರಲಿ, ಒಂದು ಕ್ಲಸ್ಟರ್ ಪೂರ್ತಿ ಅದಕ್ಕೇ. ಪ್ರಸಂಗದ ಪದ್ಯಗಳನ್ನು ಒಂದೊಂದು ಫೈಲಾಗಿ ಟೈಪ್ ಮಾಡಿದ್ದೆವು. ತಲಾ 2 ಕೆಬಿಯಂತೆ 8,000 ಫೈಲು, ಒಟ್ಟು 16 ಎಂಬಿ. ಡ್ರೈವಿನಲ್ಲಿ ಹಿಡಿದದ್ದು 1,000 ಎಂಬಿ. ಪ್ರಾಪರ್ಟೀಸ್‌ನಲ್ಲಿ ಸೈಜ್ ಮತ್ತು ಸೈಜ್ ಆನ್ ಡಿಸ್ಕ್ ಎಂಬ ಎರಡು ಸಾಲುಗಳ ನಡುವೆ ಇಷ್ಟು ಅಂತರ ಕಂಡರೆ ಸಣ್ಣ ಫೈಲುಗಳನ್ನೆಲ್ಲಾ ಒಂದು ಜಿಪ್ ಮಾಡಿ ಇಡಿ, ಮುಗಿಯಿತು.

ಇಂಟರ್ನೆಟ್ ವೇಗದ ದೂರಿಗೆ ಒಂದೇ ಮಾತು. 100 ಎಂಬಿಪಿಎಸ್ ಎನ್ನುವುದು ಬಿಟ್, ಬೈಟ್ ಅಲ್ಲ. 8 ಬಿಟ್ ಸೇರಿದರೆ ಒಂದು ಬೈಟ್, ಹಾಗಾಗಿ 8ರಿಂದ ಭಾಗಿಸಿ. ಸೆಕೆಂಡಿಗೆ 12.5 ಎಂಬಿ ಬಂದರೆ ಅದೇ ಪೂರ್ತಿ ವೇಗ.

ನಮ್ಮ ರಿಜಿಸ್ಟರ್

ಈಗ ಮಾಮ ಕ್ಯಾಸೆಟ್ಟಿನ ರಿಜಿಸ್ಟರಿನಲ್ಲಿ ಒಂದು ಹೊಸ ಕಾಲಂ ಎಳೆದಿದ್ದಾರೆ: ಬೈಟ್. ಸಿಡಿ ಗುಣಮಟ್ಟದಲ್ಲಿ ಸೆಕೆಂಡಿಗೆ 44,100 ಸಲ ಅಳತೆ, ಪ್ರತಿ ಅಳತೆಗೆ 2 ಬೈಟ್, ಎಡ ಬಲ ಎರಡು ಚಾನೆಲ್. ಅಂದರೆ ಸೆಕೆಂಡಿಗೆ 1,76,400 ಬೈಟ್. 90 ನಿಮಿಷಕ್ಕೆ 95,25,60,000. ಟೇಪಿನ ಉದ್ದ ಸ್ವಲ್ಪ ಹೆಚ್ಚುಕಮ್ಮಿ ಇರುವುದರಿಂದ ಸಂಖ್ಯೆ 95 ಕೋಟಿಯ ಆಸುಪಾಸು ಬಂದರೆ ಟಿಕ್ ಹಾಕುತ್ತೇವೆ.

ಕಳೆದ ಶನಿವಾರ ಒಂದು ಸಾಲಿನಲ್ಲಿ ಮಾಮನ ಪೆನ್ನು ನಿಂತಿತು. 47 ಕೋಟಿ. ಫೈಲು ಚೆನ್ನಾಗಿಯೇ ಕೇಳುತ್ತಿತ್ತು, ಎಲ್ಲೂ ಕೊಸರಾಟ ಇಲ್ಲ. ಆದರೆ ಸರಿಯಾಗಿ ಅರ್ಧ. ಕಪಾಟು ತೆರೆದು ಆ ಕ್ಯಾಸೆಟ್ಟು ಹೊರತೆಗೆದೆ. ಬಿ ಸೈಡ್ ಇಳಿಸುವುದೇ ಬಿಟ್ಟುಹೋಗಿತ್ತು. ತಿರುಗಿಸಿ ಡೆಕ್ಕಿಗೆ ಹಾಕಿ, ರೆಕಾರ್ಡ್ ಒತ್ತಿದೆ.